ದೊಡ್ಡವ್ವನ ಟ್ಯಾಕೋ ತಕರಾರು

ನಮ್ಮ ದೊಡ್ಡವ್ವನಿಗೆ ಸಿಟ್ಟು ಬರುತ್ತದೆ ಎನ್ನುವುದು ತಪ್ಪು. ಬರಬೇಕಾದರೆ ಅದು ಒಮ್ಮೆಯಾದರೂ ಹೋಗಿರಬೇಕಲ್ಲ! ಮಸ್ಕಿಯ ಆ ಮನೆಯಲ್ಲಿ ಬೆಳಿಗ್ಗೆ ಮೊದಲು ಏಳುವುದು ದೊಡ್ಡವ್ವನ ಸಿಟ್ಟು, ಆಮೇಲೆ ದೊಡ್ಡವ್ವ. ಹಾಲು ಉಕ್ಕಿದರೆ ಹಾಲಿನ ಮೇಲೆ ಸಿಟ್ಟು, ಉಕ್ಕದಿದ್ದರೆ ಹಾಲು ಹಾಕುವವನ ಮೇಲೆ ಸಿಟ್ಟು. ಬೇಸಿಗೆಯ ಮಧ್ಯಾಹ್ನ ಊರಿಗೆ ಊರೇ ಬಾಗಿಲು ಹಾಕಿಕೊಂಡು ಮಲಗಿದ್ದರೆ, ಇವಳು ಅಂಗಳಕ್ಕೆ ಬಂದು ಸೂರ್ಯನನ್ನೇ ತರಾಟೆಗೆ ತೆಗೆದುಕೊಳ್ಳುತ್ತಾಳೆ. "ಇಲ್ಲೇ ಠಿಕಾಣಿ ಹೂಡೀಯೇನು? ಬ್ಯಾರೆ ಊರು ಇಲ್ಲೇನು ನಿನಗ?"

ಅವಳು ನಮ್ಮವ್ವನ ಅಕ್ಕ. ನನಗೂ ಆ ರಕ್ತ ಬಂದಿದೆ, ನಾನೂ ಸಿಟ್ಟಿನವಳೇ. ಆದರೆ ಸಿಂಧನೂರಿನಲ್ಲಿ ಮೆಡಿಕಲ್ ಶಾಪ್ ಇಟ್ಟುಕೊಂಡು ಗಿರಾಕಿಗಳ ಮುಂದೆ ಹಲ್ಲು ಕಿರಿಯಬೇಕಾದವಳು. ನನ್ನದು ಚಿಲ್ಲರೆ ವ್ಯಾಪಾರ. ಅವಳದು ಹೋಲ್‌ಸೇಲ್!

ಊಟಕ್ಕೆ ಕೂತವರ ಮುಂದೆ ಅವಳ ಸಿಟ್ಟು ಇನ್ನೂ ಹೆಚ್ಚು. ಬಂದವರನ್ನು "ಬೇಕೇ?" ಎಂದು ಕೇಳಕೂಡದು ಎಂಬುದು ಆ ಮನೆಯ ಕಾನೂನು. ಕೇಳಿದರೆ ಕೊಡುವ ಮನಸ್ಸಿಲ್ಲ ಎಂದು ಅರ್ಥವಂತೆ. ಬಡಿಸುವುದಷ್ಟೇ ನಮ್ಮ ಕೆಲಸ, ಉಣ್ಣುವುದು ಅವರ ಕರ್ಮ. "ಸಾಕು" ಎಂಬ ಮಾತು ಅವಳ ಕಿವಿಗೆ ಬೀಳುವುದೇ ಇಲ್ಲ. ಹಟ್ಟಿಯ ಚಿನ್ನದ ಗಣಿಯಲ್ಲಿ ಕೆಲಸ ಮಾಡುವ ನಮ್ಮ ಬೀಗರೊಬ್ಬರು ಒಮ್ಮೆ ಸಾಕೆಂದು ತಟ್ಟೆಯ ಮೇಲೆ ಅಂಗೈ ಅಡ್ಡ ಹಿಡಿದರು. ದೊಡ್ಡವ್ವ ಸಾರನ್ನು ಅಂಗೈ ಮೇಲೆಯೇ ಸುರಿದಳು! ಪಾತಾಳಕ್ಕೆ ಇಳಿದು ಬಂಡೆ ಒಡೆಯುವ ಆ ಮನುಷ್ಯ ಇವತ್ತಿಗೂ ಮಸ್ಕಿಯ ಮೇಲೆ ಹಾಯುವಾಗ ಬಸ್ಸಿನಲ್ಲಿ ತಲೆ ತಗ್ಗಿಸಿ ಕೂರುತ್ತಾರೆ.

ಹೀಗೆ ಊರಿಗೆಲ್ಲ ಬಡಿಸುವ ಮಹಾತಾಯಿ ತಾನು ಉಣ್ಣುವುದು ಯಾವಾಗ? ಮನೆಗೆ ಬಂದ ಮಠದ ಅಯ್ಯನವರದು ಆಗಬೇಕು, ದೊಡ್ಡಪ್ಪನದು ಆಗಬೇಕು, ಬೀಗರು, ಹೊಲದ ಆಳುಗಳು, ಮಕ್ಕಳು ಎಲ್ಲರದೂ ಆಗಬೇಕು. ಬೆಕ್ಕಿನದೂ ಆಗಬೇಕು! ಆಮೇಲೆ ಅಡುಗೆಮನೆಯ ಮೂಲೆಯಲ್ಲಿ ಕುಕ್ಕರುಗಾಲಲ್ಲಿ ಕೂತು, ತಣ್ಣಗಾಗಿ ಕಟ್ಟಿಗೆಯಂತಾದ ರೊಟ್ಟಿ, ತಳ ಹತ್ತಿದ ಪಲ್ಯ, ನೀರು ಬೆರೆಸಿದ ಸಾರು. ಇದೇನು ಊಟವೇ ಎಂದರೆ "ಉಳಿದದ್ದು ಚೆಲ್ಲಾಕ ಆಗತೈತೇನು?" ಎಂದು ಜಗಳ. ಬೆಕ್ಕು ದಿನದಿಂದ ದಿನಕ್ಕೆ ದುಂಡಗಾಯಿತು. ದೊಡ್ಡವ್ವ ಒಂದು ದಿನ ಒಲೆಯ ಮುಂದೆ ತಲೆ ತಿರುಗಿ ಬಿದ್ದಳು.

ಲಿಂಗಸುಗೂರಿನ ಡಾಕ್ಟರು ಪರೀಕ್ಷೆ ಮಾಡಿ, ಮೈಯಲ್ಲಿ ರಕ್ತವೇ ಇಲ್ಲ ಎಂದರು. ಇನ್ನೊಮ್ಮೆ ಹೀಗೆ ಬಿದ್ದರೆ ಕಷ್ಟ, ಹೊತ್ತಿಗೆ ಸರಿಯಾಗಿ, ಹೊಟ್ಟೆ ತುಂಬ, ಬಿಸಿಬಿಸಿಯಾಗಿ ಉಣ್ಣಬೇಕು ಎಂದರು. ದೊಡ್ಡವ್ವ ಅವರನ್ನು ಮೇಲಿಂದ ಕೆಳಗೆ ನೋಡಿದಳು.

"ನಿಂದು ಊಟ ಆತೇನಪಾ?"

"ಇಲ್ರೀ ಅಮ್ಮಾ, ಪೇಶಂಟ್ ಭಾಳ ಅದಾರ."

"ಹೊತ್ತು ಮೂರಾಗಾಕ ಬಂತು! ನೀನ ಉಪಾಸ ಕುಂತು ನನಗ ಊಟದ ಪಾಠ ಹೇಳ್ತೀಯೇನು? ಏಳು ಮ್ಯಾಲೆ!"

ಡಾಕ್ಟರು ಎದ್ದು ಊಟಕ್ಕೆ ಹೋದರು. ಹೊರಗೆ ಕೂತಿದ್ದ ಪೇಶಂಟುಗಳು ನಮ್ಮನ್ನು ನೋಡಿದ ನೋಟವನ್ನು ನಾನು ಇಲ್ಲಿ ಬರೆಯುವುದಿಲ್ಲ.

ನನ್ನ ಅಂಗಡಿಯಿಂದ ರಕ್ತ ಹೆಚ್ಚುವ ಟಾನಿಕ್ ಕಳಿಸಿದೆ. ಅದನ್ನವಳು ಕರಿಬೇವಿನ ಗಿಡಕ್ಕೆ ಹಾಕಿದಳು. ಗಿಡಕ್ಕೆ ಭಾರೀ ಕಳೆ ಬಂತು! ಮೊನ್ನೆ ದೊಡ್ಡಪ್ಪನ ಜೊತೆ ಸಿಂಧನೂರಿಗೆ ಕರೆಸಿ ಮತ್ತೆ ರಕ್ತ ಪರೀಕ್ಷೆ ಮಾಡಿಸಿದರೆ, ಮೊದಲಿದ್ದದ್ದಕ್ಕಿಂತ ಕೆಳಗೆ. ರಿಪೋರ್ಟು ನೋಡಿ ನನ್ನ ಸಿಟ್ಟು ನೆತ್ತಿಗೇರಿತು. ಈಕೆಯನ್ನು ಕಳೆದುಕೊಳ್ಳುವ ಭಯ ನನಗೆ. ಆದರೆ ನಮ್ಮ ಮನೆತನದಲ್ಲಿ ಭಯವೂ ಬಾಯಿಂದ ಬೈಗುಳವಾಗಿಯೇ ಹೊರಬೀಳುತ್ತದೆ.

"ಸಾಯಾಕ ನಿಂತೀಯೇನ ದೊಡ್ಡವ್ವಾ? ಇವತ್ತ ನನ್ನ ಕಣ್ಣ ಮುಂದ ಬಿಸಿದು ಹೊಟ್ಟಿ ತುಂಬ ತಿನ್ನಬೇಕು ನೀ!" ಎಂದು ಅಂಗಡಿಯ ಶಟರ್ ಎಳೆದೆ.

ಆದರೆ ಕರೆದುಕೊಂಡು ಹೋಗುವುದು ಎಲ್ಲಿಗೆ? ನನ್ನ ಮನೆಯಾದರೆ ನನ್ನನ್ನೇ ಕೂರಿಸಿ ಬಡಿಸುತ್ತಾಳೆ. ಖಾನಾವಳಿಗೆ ಹಿಂದೊಮ್ಮೆ ಹೋಗಿ ಬುದ್ಧಿ ಕಲಿತಿದ್ದೇನೆ. ಬಡಿಸುವವನು ಕೈ ಬಿಗಿ ಹಿಡಿಯುತ್ತಿದ್ದಾನೆಂದು ಸಿಟ್ಟಾಗಿ, ಅವನ ಕೈಯಿಂದ ಪಲ್ಯದ ಬಕೆಟ್ಟು ಕಸಿದುಕೊಂಡು ಊಟಕ್ಕೆ ಕೂತ ಅಷ್ಟೂ ಜನರಿಗೆ ಇವಳೇ ಬಡಿಸಿದ್ದಳು. ಮಾಲೀಕ ಅಳುವುದೊಂದು ಬಾಕಿ! ಆಗ ನೆನಪಾದದ್ದು ಗಂಗಾವತಿ ರಸ್ತೆಯಲ್ಲಿ ಹೊಸದಾಗಿ ತೆರೆದಿದ್ದ ಟ್ಯಾಕೋ ಅಂಗಡಿ. ದೊಡ್ಡ ದೊಡ್ಡ ಊರುಗಳಲ್ಲೆಲ್ಲ ಶಾಖೆ ಇರುವ ಕಂಪನಿಯದು. ಶುದ್ಧ ಶಾಕಾಹಾರಿ ಎಂಬ ಹಸಿರು ಬೋರ್ಡು ಇತ್ತು. ಎಲ್ಲಕ್ಕಿಂತ ಮುಖ್ಯವಾಗಿ, ಮಾಡುವವರಿಗೂ ತಿನ್ನುವವರಿಗೂ ನಡುವೆ ಗಾಜಿನ ಗೋಡೆ ಇತ್ತು.

ದೊಡ್ಡವ್ವ, ದೊಡ್ಡಪ್ಪ, ನಾನು ಸಾಲಿನಲ್ಲಿ ನಿಂತೆವು. ಟ್ಯಾಕೋ ಎಂದರೆ ಮೆಕ್ಕೆಜೋಳದ ಗರಿಗರಿ ರೊಟ್ಟಿಯನ್ನು ನಡುವೆ ಮಡಚಿ, ಅದರ ಹೊಟ್ಟೆಯಲ್ಲಿ ಕಾಳು, ಪನೀರು, ಸೊಪ್ಪು ತುಂಬಿದ ಪದಾರ್ಥ. ದೊಡ್ಡವ್ವ ಗಾಜಿಗೆ ಮೂಗು ಹಚ್ಚಿ ನೋಡಿ ತೀರ್ಪು ಕೊಟ್ಟಳು. "ಖಡಕ್ ರೊಟ್ಟಿ ಮಡಚಿ ಹಾಳು ಮಾಡ್ಯಾರ."

ಒಳಗಿದ್ದ ಹೆಣ್ಣುಮಗಳು ಬಂಗಾಲಿ ನಿರಾಶ್ರಿತರು ನೆಲೆಸಿದ ಆರ್.ಎಚ್. ಕ್ಯಾಂಪಿನವಳು. ಮನೆಮಾತು ಬಂಗಾಲಿಯಾದರೂ ನಮ್ಮ ಕಡೆಯ ಕನ್ನಡವನ್ನು ನಮ್ಮಷ್ಟೇ ಚೆನ್ನಾಗಿ ಆಡುತ್ತಾಳೆ. ಅವಳ ಕೆಲಸವೇ ಕೇಳುವುದು. ರೊಟ್ಟಿ ಗರಿಗರಿ ಇರಬೇಕೇನ್ರಿ, ಮೆತ್ತಗಿರಬೇಕೇನ್ರಿ? ಕಾಳು ಬೇಕೇನ್ರಿ? ಪನೀರು ಬೇಕೇನ್ರಿ? ದೊಡ್ಡವ್ವನ ಮುಖ ಕೆಂಪಾಗತೊಡಗಿತು.

"ಏನವಾ, ಬಂದವ್ರನ್ನ ಬೇಕೇನು, ಬೇಕೇನು ಅಂತಾರೇನು? ಮರ್ಯಾದಿ ಐತೇನು ನಿಮ್ಮಂಗಡಿಗೆ? ಸುಮ್ನ ಹಾಕು!"

"ಕೇಳಿನ ಹಾಕಬೇಕ್ರೀ ಅಮ್ಮಾ. ರೂಲ್ಸ್ ಐತ್ರಿ."

"ಸುಡು ನಿನ್ನ ರೂಲ್ಸ್!" ಎಂದವಳೇ ದೊಡ್ಡವ್ವ ನಮ್ಮ ಪರವಾಗಿ ತಾನೇ ಹೇಳತೊಡಗಿದಳು. "ಇವ್ರಿಗೆ ಕಾಳು ಹಾಕು, ಖಾರ ಕಮ್ಮಿ, ಎದಿ ಉರಿತೈತಿ. ಉಳ್ಳಾಗಡ್ಡಿ ಕೈ ಬಿಟ್ಟು ಹಾಕು, ಅದಿಲ್ಲಂದ್ರ ತುತ್ತು ಇಳಿಯಂಗಿಲ್ಲ ಇವ್ರಿಗೆ. ಈಕಿಗೆ ಪನೀರು ಹಾಕು. ಹುಳಿ ಬ್ಯಾಡ, ಗಂಟ್ಲ ಹಿಡಿತೈತಿ." ನನಗೆ ಹುಳಿ ಆಗುವುದಿಲ್ಲವೆಂದು ನನ್ನ ಗಂಡನಿಗೇ ಇನ್ನೂ ಗೊತ್ತಿಲ್ಲ!

"ನಿಮಗ್ರಿ ಅಮ್ಮಾ?"

"ನಂದೇನೈತಿ? ಉಳಿದದ್ದು."

"ಇಲ್ಲಿ ಉಳಿಯಂಗಿಲ್ರಿ. ಒಬ್ಬೊಬ್ಬರಿಗೆ ಕೇಳಿ ಕೇಳಿ ಮಾಡ್ತೀವಿ."

"ಇವ್ರಿಬ್ರೂ ತಿಂದು ಬಿಟ್ಟದ್ದು ಉಳಿತೈತಲ್ಲ, ಅದ ಆತು ನನಗ."

ನನ್ನ ತಾಳ್ಮೆ ಅಲ್ಲಿಗೆ ಮುಗಿಯಿತು. "ಉಳಿದದ್ದು ಅನ್ನೋ ಮಾತು ಇನ್ನೊಮ್ಮಿ ಬಾಯಾಗ ಬಂದ್ರ ನೋಡು!" ಎಂದು ಕಿರುಚಿದೆ. ಹಿಂದೆ ಹೆಲ್ಮೆಟ್ ಹಿಡಿದು ನಿಂತಿದ್ದವನೊಬ್ಬ "ಜಲ್ದಿ ಮುಗಸ್ರಿ" ಎಂದ. ದೊಡ್ಡವ್ವ ತಿರುಗಿ ಅವನನ್ನು ಸುಟ್ಟುಬಿಡುವ ಹಾಗೆ ನೋಡಿದಳು. ಅವನು ಹೆಲ್ಮೆಟ್ ಹಾಕಿಕೊಂಡ.

ಒಳಗಿನವಳು ಮಾತ್ರ ಜಗ್ಗಲಿಲ್ಲ. "ನಿಮಗೇನು ಸೇರತೈತಿ ಅಷ್ಟ ಹೇಳ್ರಿ ಅಮ್ಮಾ. ಅದನ್ನ ಮಾಡ್ತೀನಿ."

ದೊಡ್ಡವ್ವ ಬೈಯಲು ಬಾಯಿ ತೆರೆದಳು. ಹಾಗೇ ಮುಚ್ಚಿದಳು. ಅವಳು ಜಗಳದ ನಡುವೆ ಸುಮ್ಮನಾದದ್ದನ್ನು ನಾನು ಜನ್ಮದಲ್ಲಿ ಕಂಡಿರಲಿಲ್ಲ, ಹೆದರಿಕೆಯಾಯಿತು. ತನಗೇನು ಸೇರುತ್ತದೆ ಎಂದು ಅವಳು ನಿಜವಾಗಿಯೂ ಯೋಚಿಸುತ್ತಿದ್ದಳು. ಗಾಜಿನೊಳಗಿನ ಒಂದೊಂದೇ ಡಬ್ಬಿಯನ್ನು ನೋಡುತ್ತ ಹೋದಳು. ಆಮೇಲೆ ಸಣ್ಣ ದನಿಯಲ್ಲಿ, "ಆ ಕರೀ ಕಾಳು ಹಾಕು. ಖಾರ ಇರ್ಲಿ, ಜೋರ ಇರ್ಲಿ. ಮ್ಯಾಲೆ ಅದು ಮೊಸರಿನಂಥಾದ್ದು ಐತಲ್ಲ, ಅದೂ ಇರ್ಲಿ" ಎಂದಳು. ಒಳಗಿನವಳು ಉಳ್ಳಾಗಡ್ಡಿಯ ಡಬ್ಬಿಗೆ ಕೈ ಹಾಕಿದಳು.

"ಅದು ಬ್ಯಾಡವಾ. ನನಗ ಉಳ್ಳಾಗಡ್ಡಿ ಸೇರಂಗಿಲ್ಲ."

ನಾನೂ ದೊಡ್ಡಪ್ಪನೂ ಮುಖ ಮುಖ ನೋಡಿಕೊಂಡೆವು. ಉಳ್ಳಾಗಡ್ಡಿ ಇಲ್ಲದ ಅಡುಗೆಯೇ ಆಗದ ಮನೆ ಅದು! ಮದುವೆಯಾಗಿ ಬಂದ ದಿನದಿಂದ ಕಣ್ಣಲ್ಲಿ ನೀರು ಸುರಿಸುತ್ತ ಅದನ್ನು ಹೆಚ್ಚಿದವಳು ಇವಳೇ.

"ಯಾವಾಗಿಂದ ಸೇರವಲ್ದು?" ದೊಡ್ಡಪ್ಪ ಕೇಳಿದ.

"ಸಣ್ಣಾಕಿ ಇದ್ದಾಗಿಂದ."

"ಹೇಳಬಾರ್ದೇನು?"

"ಯಾರ್ ಕೇಳಿದ್ರಿ?"

ಮೂರೂ ತಟ್ಟೆ ಎತ್ತಿಕೊಂಡು ಬಂದು ಮೇಜಿನ ಮೇಲಿಟ್ಟೆ. ದೊಡ್ಡವ್ವ ತನ್ನ ತಟ್ಟೆ ಪಕ್ಕಕ್ಕೆ ಸರಿಸಿ, ದೊಡ್ಡಪ್ಪನ ತಟ್ಟೆಯನ್ನು ಅವನ ಮುಂದೆ ತಳ್ಳಿದಳು. ಅವನು ಎರಡೂ ಕೈ ತೊಡೆಯ ಮೇಲಿಟ್ಟುಕೊಂಡು ಕೂತ.

"ತಿನ್ರಿ. ಆರತೈತಿ."

"ಆರ್ಲಿ. ನೀ ಮೊದಲ ತಿನ್ನು."

"ಹುಚ್ಚು ಹಿಡದೈತೇನ್ರಿ? ನೀವು ತಿನ್ನದ ನಾ ಹೆಂಗ ತಿನ್ಲಿ? ಮಂದಿ ನೋಡಾಕತ್ತಾರ!"

"ನೋಡ್ಲಿ. ನಾ ಕಾಯ್ತೀನಿ."

ದೊಡ್ಡವ್ವನಿಗೆ ಎಲ್ಲಿಲ್ಲದ ಸಿಟ್ಟು ಬಂತು. ಗಂಡನನ್ನು ಬೈದಳು, ನನ್ನನ್ನು ಬೈದಳು, ಮೊದಲ ತುತ್ತಿಗೇ ಮುರಿದು ಮಡಿಲಿಗೆ ಸುರಿದ ಟ್ಯಾಕೋವನ್ನು ಬೈದಳು, ಅದನ್ನು ಕಂಡುಹಿಡಿದವನನ್ನು ಬೈದಳು. ಬೈಯುತ್ತ ಬೈಯುತ್ತಲೇ ತಿಂದಳು. ಕಣ್ಣಲ್ಲಿ ನೀರು ಇಳಿಯಿತು, ಖಾರ ಜೋರಾಯಿತೆಂದು ಅದನ್ನೂ ಬೈದಳು. ತಟ್ಟೆಯಲ್ಲಿ ಒಂದು ಚೂರೂ ಉಳಿಯಲಿಲ್ಲ.

ಆಮೇಲೆ ದೊಡ್ಡಪ್ಪ ತನ್ನ ತಟ್ಟೆ ಹತ್ತಿರ ಎಳೆದುಕೊಂಡು, ತಣ್ಣಗಾಗಿ ಮೆತ್ತಗಾಗಿದ್ದ ಟ್ಯಾಕೋವನ್ನು ಸದ್ದಿಲ್ಲದೆ ತಿಂದ.