ವಾದಿಯೂ ನಾನೇ, ಎದುರು ಪಾರ್ಟಿಯ ಗುಮಾಸ್ತನೂ ನಾನೇ

ಸರ್ಕಾರಿ ಕಚೇರಿಯಲ್ಲಿ ಬಡ್ತಿ ಸಿಗುವುದು ಅಪರೂಪ, ಬಡ್ತಿಯ ಕೇಸು ಮಾತ್ರ ದಿನಕ್ಕೊಂದು. ಹೈದರಾಬಾದಿನ ನಮ್ಮ ಕಚೇರಿಯಲ್ಲಿ ನನ್ನದು ಕೋರ್ಟ್ ಕೇಸುಗಳ ಸೀಟು. ಯಾವ ನೌಕರ ಕೇಸು ಹಾಕಿದರೂ ಸರ್ಕಾರದ ಪರವಾಗಿ ಉತ್ತರ ಬರೆಯುವವನು ನಾನು. ಬೀದರಿನಿಂದ ಬಂದವನು, ಇಪ್ಪತ್ತು ವರ್ಷ ಇಲ್ಲಿ ಕೂತು ಕಂಡವರ ಬಡ್ತಿಗೆಲ್ಲ ಕಲ್ಲು ಹಾಕಿದ್ದೇನೆ. ಆಮೇಲೆ ನನ್ನ ಸರದಿ ಬಂತು.

೧. ನೋಟಿಸು

ಸೀನಿಯಾರಿಟಿ ಪಟ್ಟಿಯಲ್ಲಿ ಅದು ಹೇಗೋ ನನ್ನ ಹೆಸರು ಕೆಳಗಿಳಿದು, ನನಗಿಂತ ಮೂರು ವರ್ಷ ತಡವಾಗಿ ಕೆಲಸಕ್ಕೆ ಸೇರಿದವನು ಸೂಪರಿಂಟೆಂಡೆಂಟ್ ಆಗಿಬಿಟ್ಟ. ಅವನ ಕುರ್ಚಿ ನನ್ನ ಮೇಜಿನ ಎದುರಿಗೇ. ನನ್ನ ನಿವೃತ್ತಿಗೆ ಒಂದು ವರ್ಷ ಉಳಿದಿತ್ತು. ಒಂದೇ ಒಂದು ದಿನವಾದರೂ ಆ ಕುರ್ಚಿಯಲ್ಲಿ ಕೂತು ಮನೆಗೆ ಹೋಗಬೇಕೆಂದು ಹೊಟ್ಟೆ ಉರಿದು ಕೇಸು ಹಾಕಿದೆ.

ಹದಿನೈದು ದಿನಕ್ಕೆ ಕೋರ್ಟಿನ ನೋಟಿಸು ಬಂತು. ಠಸ್ಸೆ ಹೊಡೆಸಿಕೊಂಡು ನೆಟ್ಟಗೆ ನನ್ನ ಮೇಜಿಗೇ ಬಂತು! ಸಾಹೇಬರ ಕೋಣೆಗೆ ಓಡಿದೆ.

“ಸಾರ್, ಈ ಕೇಸು ಹಾಕಿದವನು ನಾನೇ.”

“ಗೊತ್ತು. ಉತ್ತರ ಬರೆಯೋ ಸೀಟು ಯಾರದು?”

“ನಂದೇ ಸಾರ್.”

“ಮತ್ತೆ ಇನ್ನೂ ನಿಂತಿದ್ದೀಯಲ್ಲ? ಎದುರು ಪಾರ್ಟಿಯ ಹಣೆಬರಹ ನಿನಗಿಂತ ಚೆನ್ನಾಗಿ ಇನ್ಯಾರಿಗಯ್ಯಾ ಗೊತ್ತು?”

೨. ಖಾರ ಸಾಲದು

ನನ್ನ ಮೇಲೆ ನಾನೇ ಬರೆದ ಉತ್ತರವನ್ನು ಮೊದಲು ತಿದ್ದಬೇಕಾದವನು ಅದೇ ಸೂಪರಿಂಟೆಂಡೆಂಟ್. ತೆಲುಗಿನವನು, ಅಣ್ಣ ಎನ್ನಲು ‘ಅನ್ನಾ’ ಎನ್ನುವವನು, ಮನುಷ್ಯ ಕೆಟ್ಟವನಲ್ಲ; ದಿನಾ ಮಧ್ಯಾಹ್ನ ನನ್ನ ಡಬ್ಬಿಯ ಜೋಳದ ರೊಟ್ಟಿ ಅವನಿಗೆ, ಅವನ ಗೋಂಗೂರ ಚಟ್ನಿ ನನಗೆ. ರೊಟ್ಟಿ ಮುರಿಯುತ್ತಲೇ ನನ್ನ ಕಾಗದ ಓದಿ ಮುಖ ಸಿಂಡರಿಸಿದ.

“ಅನ್ನಾ, ಖಾರ ಸಾಲದು. ‘ಅರ್ಜಿದಾರ ನ್ಯಾಯಾಲಯದ ದಾರಿ ತಪ್ಪಿಸುತ್ತಿದ್ದಾನೆ’ ಅನ್ನೋದು ಎಲ್ಲಿ?”

“ನಾನೆಲ್ಲಿ ದಾರಿ ತಪ್ಪಿಸಿದೆನಪ್ಪಾ?”

“ಉಳಿದವರು ತಪ್ಪಿಸಿದ್ದರಾ? ಇಪ್ಪತ್ತು ವರ್ಷದಿಂದ ಎಲ್ಲರಿಗೂ ಬರೆದಿದ್ದೀಯ. ನಿನಗೊಬ್ಬನಿಗೆ ವಿನಾಯಿತಿ ಯಾಕೆ?”

ಮಾತು ನ್ಯಾಯವಾಗಿತ್ತು. ಬರೆದೆ. ಬರೆಯುತ್ತ ಹೋದಂತೆ ಕೈ ಹಳೆಯ ಚಾಳಿಗೆ ಬಿತ್ತು. ಅರ್ಜಿದಾರ ಆಸೆಬುರುಕ ಎಂದೂ ಸೇರಿಸಿದೆ. ಅದನ್ನು ಬರೆಯಲು ಯಾರೂ ಹೇಳಿರಲಿಲ್ಲ.

೩. ಬರೆದವನು ಯಾರು?

ನನ್ನ ವಕೀಲರೂ ನಮ್ಮ ಬೀದರ್ ಕಡೆಯವರೇ, ಅಬಿಡ್ಸಿನಲ್ಲಿ ಆಫೀಸು. ಸರ್ಕಾರದ ಉತ್ತರ ಓದಿ ಕನ್ನಡಕ ತೆಗೆದಿಟ್ಟರು.

“ಯಾವ ಪುಣ್ಯಾತ್ಮ ಬರದಾನ್ರೀ ಇದನ್ನ? ಭಾಳ ಚಲೋ ಬರದಾನ. ಇದರ ಮುಂದ ನಮ್ಮ ಕೇಸು ನಿಲ್ಲೂದು ಕಷ್ಟ ಐತಿ.”

ಇಪ್ಪತ್ತು ವರ್ಷದಲ್ಲಿ ನನ್ನ ಬರಹವನ್ನು ಹೊಗಳಿದವರು ಅವರೊಬ್ಬರೇ. ಸುಳ್ಳೇಕೆ, ಎದೆ ಉಬ್ಬಿತು. ಅದೇ ಹುರುಪಿನಲ್ಲಿ ಕೂಕಟ್‌ಪಲ್ಲಿಯ ಮನೆಗೆ ಬಂದು, ಊಟಕ್ಕೆ ಕೂತಾಗ ಹೆಂಡತಿಗೆ ಒಂದೆರಡು ಸಾಲು ಓದಿ ಹೇಳಿದೆ. ಬರೆದವನ ಹೆಸರು ಮಾತ್ರ ನುಂಗಿಕೊಂಡೆ.

ಅವಳು ಸಿಡಿದಳು. “ನಿಮ್ಮನ್ನ ಆಸೆಬುರುಕ ಅಂದನಾ? ಬರದವನ ಹೆಣಾ ಎತ್ಲಿ!”

ಹಾಗೆ ಶಪಿಸಿ, ಬಿಸಿ ರೊಟ್ಟಿಗೆ ತುಪ್ಪ ಹಚ್ಚಿ ನನ್ನ ತಟ್ಟೆಗೆ ಹಾಕಿದಳು. “ನೀವು ಉಣ್ರಿ, ನೂರು ವರ್ಷ ಬಾಳೋರು.”

೪. ಯಾವ ಕಡೆ?

ವಿಚಾರಣೆಯ ದಿನ ಬಂತು. ನಿವೃತ್ತಿಗೆ ಬರೀ ಮೂರು ವಾರ ಬಾಕಿ. ರಜೆ ಕೇಳಿದೆ.

“ರಜೆ ಎಲ್ಲಿದೆ ಅನ್ನಾ? ಎಲ್ಲಾ ವಕೀಲರ ಆಫೀಸಿಗೆ ತಿರುಗಿ ಮುಗಿಸಿದ್ದೀಯ,” ಎಂದ ಸೂಪರಿಂಟೆಂಡೆಂಟ್. “ಸರ್ಕಾರದ ಕಡೆಯಿಂದ ಫೈಲು ಹಿಡ್ಕೊಂಡು ಹೋಗು, ಡ್ಯೂಟಿ ಆಗುತ್ತೆ.”

ಹೋಗುವಾಗ ತನ್ನ ಸ್ಕೂಟರಿನಲ್ಲೇ ಕೂರಿಸಿಕೊಂಡ. ನಾನು ಗೆದ್ದರೆ ಅವನ ಕುರ್ಚಿ ಹೋಗುತ್ತದೆ. ಆದರೂ ಗುಂಡಿ ಬಂದಾಗಲೆಲ್ಲ “ಗಟ್ಟಿಯಾಗಿ ಹಿಡ್ಕೋ ಅನ್ನಾ” ಎನ್ನುತ್ತಿದ್ದ.

೫. ಸರ್ಕಾರ ಏನು ಹೇಳುತ್ತದೆ?

ನಮ್ಮ ವಕೀಲರು ಆವತ್ತು ಹುಲಿಯಾಗಿದ್ದರು. ನಾನು ಸೇರಿದ ತಾರೀಕು, ಅವನು ಸೇರಿದ ತಾರೀಕು, ಪಟ್ಟಿಯ ತಪ್ಪು, ಎಲ್ಲವನ್ನೂ ಬಿಡಿಸಿಟ್ಟರು. ಜಡ್ಜ್ ಸಾಹೇಬರು ತಲೆಯಾಡಿಸಿದರು. “ತಪ್ಪು ಕಣ್ಣಿಗೆ ಕಾಣಿಸುತ್ತಲೇ ಇದೆಯಲ್ಲ. ಈ ಮನುಷ್ಯ ಮೂರೇ ವಾರದಲ್ಲಿ ನಿವೃತ್ತನಾಗುತ್ತಾನೆ. ಇವತ್ತೇ ಆದೇಶ ಮಾಡಿಬಿಡಲಾ? ಸರ್ಕಾರ ಏನು ಹೇಳುತ್ತದೆ?”

ಸರ್ಕಾರಿ ವಕೀಲರು ಎಂದಿನಂತೆ ಹಿಂದಕ್ಕೆ ಬಾಗಿ, ಫೈಲು ಹಿಡಿದು ನಿಂತಿದ್ದ ನನ್ನ ಕಿವಿಯಲ್ಲಿ, “ಏನು ಹೇಳಲಿ?” ಎಂದರು.

ಇಪ್ಪತ್ತು ವರ್ಷ ಅದೇ ಜಾಗದಲ್ಲಿ ನಿಂತು, ಅದೇ ಪ್ರಶ್ನೆಗೆ ನಾನು ಕೊಟ್ಟದ್ದು ಒಂದೇ ಉತ್ತರ. ತಲೆ ಎಚ್ಚೆತ್ತುಕೊಳ್ಳುವ ಮೊದಲೇ ಬಾಯಿ ಅದನ್ನು ಹೇಳಿಬಿಟ್ಟಿತ್ತು.

“ನಾಲ್ಕು ವಾರ ಟೈಮ್ ಕೇಳ್ರಿ ಸಾರ್.”

ಅವರು ಕೇಳಿದರು. ಜಡ್ಜ್ ಸಾಹೇಬರು ನಿಟ್ಟುಸಿರು ಬಿಟ್ಟು ಕೊಟ್ಟರು. ಮುಂದಿನ ಕೇಸು ಕೂಗಿಯೂ ಆಯಿತು.

ಹೊರಗೆ ವರಾಂಡದಲ್ಲಿ ನನಗೆ ನಿಜವಾಗಿಯೂ ಅಳು ಬಂತು. ಸೂಪರಿಂಟೆಂಡೆಂಟ್ ನೀರಿನ ಬಾಟಲಿ ಹಿಡಿದು ಪಕ್ಕದಲ್ಲಿ ನಿಂತ. ನಗು ತಡೆಯಲು ಪಾಪ ಬಹಳ ಕಷ್ಟಪಡುತ್ತಿದ್ದ. ನಮ್ಮ ವಕೀಲರು ಕರಿ ಕೋಟು ಬಿಚ್ಚುತ್ತ ಬಂದು ನನ್ನನ್ನು ಕೆಳಗಿನಿಂದ ಮೇಲಿನ ತನಕ ನೋಡಿದರು.

“ಕೇಸು ಸೋಲೂದು ನಮ್ಮಂಥ ವಕೀಲರ ಕೆಲಸ ಐತ್ರಿ. ನೀವ್ಯಾಕ ಅದರಾಗ ಕೈ ಹಾಕಿದ್ರಿ?”