ಹಂಚಿನ ಮೇಲೆ ಉಳಿದ ರೊಟ್ಟಿ

ಕಲಾತ್ಮಕ ಚಿತ್ರಗಳ ಸಂಕಲನಕಾರನಾದ ನನಗೆ ಕಾಲವನ್ನು ಎಲ್ಲಿ ಕತ್ತರಿಸಬೇಕು, ಎಲ್ಲಿ ಎಳೆಯಬೇಕು ಎಂಬುದು ಚೆನ್ನಾಗಿ ಗೊತ್ತಿತ್ತು. ಹಾಗೆಂದು ನನ್ನೊಬ್ಬನಿಗೇ ಗೊತ್ತಿತ್ತು.

ಸುರಪುರದ ನನ್ನ ಸೋದರತ್ತೆ ಶಾಂತಮ್ಮ ಮದುವೆ ಮನೆಗಳಿಗೆ ಜೋಳದ ರೊಟ್ಟಿ ಮಾಡಿಕೊಡುತ್ತಾಳೆ. ನಮ್ಮ ಹೊಸ ಚಿತ್ರದಲ್ಲಿ ರೊಟ್ಟಿ ಬಡಿಯುವ ಹೆಂಗಸೂ ಅವಳೇ. ರೊಟ್ಟಿಯನ್ನು ಹಂಚಿಗೆ ಹಾಕಿ, ಮೇಲೆ ನೀರು ಸವರುತ್ತಾಳೆ. ಅಲ್ಲಿಗೆ ಕತ್ತರಿ. ಮುಂದೆ ನಾಲ್ಕು ನಿಮಿಷ ಅವಳ ಮುಖ. ಬರೀ ಮುಖ! ಅದನ್ನು ಚಿತ್ರೀಕರಿಸಿದ್ದು ಬೇರೆ ದಿನ, ಒಲೆ ಆರಿದ ಮೇಲೆ. ಇಲ್ಲಿ ತಂದು ಅಂಟಿಸಿದ ಮಹಾನುಭಾವ ನಾನು. ಚಿತ್ರೋತ್ಸವದಲ್ಲಿ ಒಬ್ಬರು ಅದನ್ನು ನೋಡಿ ಕಣ್ಣೊರೆಸಿಕೊಂಡರೆಂದು ನೆನಪು. ನೆಗಡಿಯೂ ಇದ್ದಿರಬಹುದು.

ಓಣಿಯವರಿಗೂ ತೋರಿಸೋಣವೆಂದು ಒಂದು ಮಧ್ಯಾಹ್ನ ಅತ್ತೆಯ ಪಡಸಾಲೆಯ ಟಿವಿಗೆ ಲ್ಯಾಪ್‌ಟಾಪ್ ಜೋಡಿಸಿದೆ. ಮುಖ ಬಂತು. ಅರ್ಧ ನಿಮಿಷಕ್ಕೇ ಹೆಂಗಸರು ಚಡಪಡಿಸತೊಡಗಿದರು.

"ರೊಟ್ಟಿ ತಿರುವಬೇ ಶಾಂತಕ್ಕ."

"ಹೊತ್ತಾಕತ್ತೈತಿ ನೋಡು."

"ಎಲ್ಲಿ ಧ್ಯಾನ ಐತೋ ಏನೋ ಆಕಿಗಿ."

ನಾನು ಒಂಟಿತನ ತೋರಿಸಿದ್ದೆ. ಅವರು ಕರಕಲು ರೊಟ್ಟಿ ನೋಡಿದರು.

ಪಕ್ಕದ ಮನೆಯ ಮಾಲನಬಿ ಮಗಳ ಮದುವೆಯ ರೊಟ್ಟಿಯನ್ನು ಅತ್ತೆಗೇ ಒಪ್ಪಿಸುವವಳಿದ್ದಳು. ಸೆರಗು ಸರಿಮಾಡಿಕೊಂಡು ಎದ್ದಳು. "ವಿಚಾರ ಮಾಡಿ ಹೇಳ್ತೀನಿ ಶಾಂತಕ್ಕ."

ಎಲ್ಲರೂ ಹೋದ ಮೇಲೆ ಅತ್ತೆ ನನ್ನೆದುರು ಕೂತಳು. "ನಲವತ್ತು ವರ್ಷದಾಗ ಒಂದ್ ರೊಟ್ಟಿ ಹೊತ್ತಿಸಿಲ್ಲ ನಾ. ನೀ ಕುಂತಲ್ಲೇ ಹೊತ್ತಿಸಿದೆಲ್ಲೋ, ಒಲಿ ಇಲ್ದ."

"ಅತ್ತಿ, ಅದು ಭಾವನಾ..."

"ಭಾವನಾ ಇರ್ಲಿ. ಮೊದ್ಲ ರೊಟ್ಟಿ ತಿರುವು."

ಬಳಸದೆ ಬಿಟ್ಟ ತುಣುಕುಗಳಲ್ಲಿ ತಿರುವುವ ಶಾಟ್ ಸಿಕ್ಕಿತು. ಆದರೆ ಅದು ಬೇರೆ ರೊಟ್ಟಿಯದು. ಎಲ್ಲಿ ಜೋಡಿಸುವುದು? ನೀರು ಸವರಿದ ಶಾಟನ್ನು ಕತ್ತರಿಸದೆ ಓಡಿಸಿದೆ. ಅತ್ತೆ ಪರದೆಯಲ್ಲಿ ರೊಟ್ಟಿಯ ಮೇಲಿನ ನೀರು ಆರುವುದನ್ನೇ ನೋಡುತ್ತಿದ್ದಳು. "ಹೂಂ, ಈಗ." ನಂಬದೆ ಐದು ಸಲ ಹಿಂದಕ್ಕೆ ಓಡಿಸಿ ಪರೀಕ್ಷಿಸಿದೆ. ಮೂರು ಸಲವೋ ಏನೋ, ಬೆರಗಿನಲ್ಲಿ ಎಣಿಕೆ ತಪ್ಪುತ್ತದೆ. ಪ್ರತಿಸಲವೂ ಅವಳು "ಈಗ" ಅಂದದ್ದು ಅದೇ ಫ್ರೇಮಿಗೆ. ಸೆಕೆಂಡಿನ ಇಪ್ಪತ್ತನಾಲ್ಕನೆಯ ಒಂದು ಪಾಲೂ ಆಚೀಚೆ ಇಲ್ಲ.

"ಮುಖ ಎಷ್ಟೊತ್ತು ಇಡ್ಲಿ?" ವಿದ್ಯಾರ್ಥಿಯಂತೆ ಕೇಳಿದೆ.

"ಇನ್ನೊಂದು ಮಗ್ಗಲಾ ಬೇಯೂತನ."

ಇಟ್ಟೆ. ಆಗ ಕಂಡಿತು: ಆ ಮುಖ ರೊಟ್ಟಿ ಬೇಯಲೆಂದು ಕಾಯುತ್ತಿತ್ತು. ನಾನು ತಿಂಗಳುಗಟ್ಟಲೆ ನೋಡಿದ್ದೆ, ಕಂಡಿರಲಿಲ್ಲ.

ಮರುದಿನ ಮತ್ತೆ ಎಲ್ಲರನ್ನೂ ಕರೆದು ತೋರಿಸಿದೆ. ರೊಟ್ಟಿ ಮಗುಚಿತು, ಮುಖ ಬಂತು, ರೊಟ್ಟಿ ಉಬ್ಬಿತು.

"ಮದಿವಿ ರೊಟ್ಟಿ ನಿಂದೇ ಶಾಂತಕ್ಕ," ಎಂದಳು ಮಾಲನಬಿ. ಆಮೇಲೆ ನನ್ನತ್ತ ತಿರುಗಿ, "ಇದ್ರಾಗ ನಿಮ್ದೇನ್ ಕೆಲಸರಿ?" ಎಂದಳು.

ನಾನು ಗಂಟಲು ಸರಿಮಾಡಿಕೊಳ್ಳುವಷ್ಟರಲ್ಲಿ ಅತ್ತೆಯೇ ಅಭಿಮಾನದಿಂದ ಉತ್ತರಿಸಿದಳು: "ಗುಂಡಿ ಒತ್ತತಾನವಾ. ಹೇಳಿದ್ರ ಚಲೋ ಒತ್ತತಾನ."