ಗೋಡೆಗೆ ಅಂಟಿಸಿದ ವರಸೆ

ಡಿಸೆಂಬರ್ ತಿಂಗಳ ಎರಡನೆಯ ಭಾನುವಾರ, ಮಧ್ಯಾಹ್ನ ಮೂರು ಗಂಟೆ ಐವತ್ತು ನಿಮಿಷ. ಸ್ಥಳ, ಕೊಪ್ಪದ ನನ್ನ ತಮ್ಮನ ಮನೆಯ ಪಡಸಾಲೆ. ಹಾಜರಿದ್ದವರು: ನಾನು, ನನ್ನ ಹೆಂಡತಿ ಜಯಮ್ಮ, ತಮ್ಮ, ಅವನ ಹೆಂಡತಿ, ಅವರ ಮಗಳು ಕಾವ್ಯ, ಮತ್ತು ನಮ್ಮ ಅವ್ವನ ಕೊನೆಯ ತಂಗಿ ಚಿಕ್ಕತಾಯಮ್ಮ. ಹಲಗೂರು ಕಡೆಯಿಂದ ಬರಬೇಕಾದ ಗಂಡಿನವರು ಇನ್ನೂ ಬಂದಿರಲಿಲ್ಲ. ಹೀಗೆ ನಮೂದಿಸದೆ ಯಾವುದನ್ನೂ ಶುರುಮಾಡಲು ನನಗೆ ಬರುವುದಿಲ್ಲ. ಕೃಷಿ ಸಂಶೋಧನೆಯ ವಿ.ಸಿ. ಫಾರಂನಲ್ಲಿ ಮೂವತ್ತನಾಲ್ಕು ವರ್ಷ ದಿನವೂ ಬೆಳಿಗ್ಗೆ ಮಳೆ ಅಳೆದು ಬರೆದವನು ನಾನು. ಮಳೆ ಬರದ ದಿನ, ಬರಲಿಲ್ಲವೆಂದು ಬರೆದು ಸಹಿ ಹಾಕಿದ್ದೇನೆ. ನಿವೃತ್ತನಾದ ಮೇಲೆ ಅಳೆಯಲು ಏನೂ ಉಳಿಯದೆ ಮನೆಯವರನ್ನು ಅಳೆಯತೊಡಗಿದೆ. ಜಯಮ್ಮ ಒಲೆಯ ಮೇಲೆ ಹಾಲಿಟ್ಟು ಎಷ್ಟು ನಿಮಿಷ ಹೊರಗೆ ಮಾತಾಡುತ್ತಾಳೆ ಎಂಬುದನ್ನು ಒಂದು ವಾರ ಬರೆದಿಟ್ಟು ತೋರಿಸಿದೆ. ಎಂಟನೆಯ ದಿನ ನನಗೆ ಕಾಫಿ ಬರಲಿಲ್ಲ. ಅದನ್ನೂ ಬರೆದಿಟ್ಟೆ.

ಇಂಥವನ ಕೈಗೆ ಹೊಸ ವಿದ್ಯೆ ಸಿಕ್ಕಬಾರದು. ಕಾವ್ಯ ಮಳವಳ್ಳಿಯ ಒಂದು ಕಚೇರಿಯಲ್ಲಿ ಗುಮಾಸ್ತೆ. ಇನ್ನೂ ದೊಡ್ಡ ಪರೀಕ್ಷೆಗೆ ಕಟ್ಟಿದ್ದಾಳೆ, ಅದಕ್ಕೆ ಮಾನವಶಾಸ್ತ್ರ ತೆಗೆದುಕೊಂಡಿದ್ದಾಳೆ. ಅವಳ ಪುಸ್ತಕದ ಕಪಾಟನ್ನು ನಾನು ಎತ್ತರದ ಪ್ರಕಾರ ಜೋಡಿಸಿಟ್ಟ ಮಾರನೆಯ ದಿನ, ಅದರಲ್ಲೊಂದನ್ನು ತೆಗೆದು, ದೊಡ್ಡಪ್ಪ ಇದನ್ನು ಓದಿ, ನಿಧಾನವಾಗಿ ಓದಿ ಎಂದು ಕೊಟ್ಟಳು. ನನ್ನನ್ನು ಕೂರಿಸುವ ಉಪಾಯ ಅದು ಎಂದು ಆಗ ಹೊಳೆಯಲಿಲ್ಲ. ಮಾನವಶಾಸ್ತ್ರದ ಮೊದಲ ಪಾಠಗಳು. ದಿನಕ್ಕೆ ಹತ್ತು ಪುಟದಂತೆ, ಬೆಳಿಗ್ಗೆ ಆರರಿಂದ ಏಳರವರೆಗೆ ಓದಿದೆ. ದೂರದ ದ್ವೀಪದ ಜನರೊಂದಿಗೆ ವರ್ಷಗಟ್ಟಲೆ ಇದ್ದು, ಅವರು ಉಂಡಿದ್ದು, ಜಗಳವಾಡಿದ್ದು ಎಲ್ಲವನ್ನೂ ಬರೆದುಕೊಳ್ಳುವ ಕೆಲಸಕ್ಕೆ ಸಂಬಳ ಕೊಡುತ್ತಾರೆಂದು ತಿಳಿದು, ನನ್ನ ಜೀವನವನ್ನೆಲ್ಲ ಮಳೆಗೆ ಸುರಿದೆನಲ್ಲ ಎಂದು ಮರುಗಿದೆ.

ಜನರ ನಡುವೆ ಜನರಂತೆ ಇದ್ದು ಗಮನಿಸಬೇಕು ಎಂದು ಮೂರನೆಯ ಅಧ್ಯಾಯ ಹೇಳಿತು. ಮಾರನೆಯ ಬೆಳಿಗ್ಗೆಯೇ ಪಕ್ಕದ ಊರಿನ ಹಾಲಿನ ಡೈರಿಯ ಮುಂದೆ ಪುಸ್ತಕ, ಪೆನ್ನು ಹಿಡಿದು ನಿಂತೆ. ಯಾರ ಹಿಂದೆ ಯಾರು ನಿಲ್ಲುತ್ತಾರೆ, ಯಾರು ಯಾರಿಗೆ ದಾರಿ ಬಿಡುತ್ತಾರೆ ಎಂದು ಬರೆಯುವುದು ನನ್ನ ಉದ್ದೇಶ. ಐದು ನಿಮಿಷದಲ್ಲಿ ಸಾಲು ಪೂರ್ತಿ ಗಪ್‌ಚುಪ್. ಇಬ್ಬರು ಹೆಂಗಸರು ಕ್ಯಾನು ಎತ್ತಿಕೊಂಡು ಬಂದ ದಾರಿಯಲ್ಲೇ ಹಿಂತಿರುಗಿದರು. ಒಬ್ಬ ಯಜಮಾನರು ನನ್ನನ್ನು ಹಾಲಿನ ತಪಾಸಣೆಯವನೆಂದು ತಿಳಿದು ಬಂದು, ಸಾರ್ ಇವತ್ತೊಂದಿನ ಬುಟ್ಬುಡಿ ಎಂದು ಕೈಮುಗಿದರು. ಮಳೆಯಾದರೆ ಅಳೆಯುವವನು ಬಂದನೆಂದು ಹಿಂದಕ್ಕೆ ಹೋಗುವುದಿಲ್ಲ. ಆ ಪಾಠ ನನಗೆ ಅಲ್ಲೇ ಹತ್ತಬೇಕಿತ್ತು.

ಹತ್ತಲಿಲ್ಲ. ಯಾಕೆಂದರೆ ಅಷ್ಟರಲ್ಲಿ ಬಂಧುತ್ವದ ಅಧ್ಯಾಯ ಬಂತು. ಗಂಡಸಿಗೆ ತ್ರಿಕೋನ, ಹೆಂಗಸಿಗೆ ವೃತ್ತ, ಮದುವೆಗೆ ಎರಡು ಅಡ್ಡಗೆರೆ, ತೀರಿಕೊಂಡವರ ಮೇಲೆ ಓರೆಗೆರೆ. ಇಷ್ಟು ಅಚ್ಚುಕಟ್ಟಾದ ಶಾಸ್ತ್ರವನ್ನು ನಾನು ಕಂಡಿರಲಿಲ್ಲ. ಕಾವ್ಯಳಿಗೆ ಹಲಗೂರು ಕಡೆಯ ಹುಡುಗ ಗೊತ್ತಾಗಿದ್ದ. ಮೂರು ಸಂಬಂಧ ಬೇಡವೆಂದವಳು ಇವನನ್ನು ನೋಡಿ ಬಂದ ದಿನ ಊಟ ಬಡಿಸುತ್ತಾ ಗುನುಗುತ್ತಿದ್ದಳು. ಒಪ್ಪುವೀಳ್ಯದ ದಿನಕ್ಕೆ, ಅಂದರೆ ಎರಡೂ ಕಡೆಯವರು ಎಲೆ ಅಡಿಕೆ ಬದಲಾಯಿಸಿ ಮಾತು ಗಟ್ಟಿಮಾಡುವ ದಿನಕ್ಕೆ, ದೊಡ್ಡಪ್ಪನ ಉಡುಗೊರೆಯಾಗಿ ಎರಡು ಮನೆತನದ ನಕ್ಷೆ ಬರೆಯಲು ನಿಶ್ಚಯಿಸಿದೆ. ಮದ್ದೂರಿಗೆ ಹೋಗಿ ದೊಡ್ಡ ಡ್ರಾಯಿಂಗ್ ಹಾಳೆ ತಂದೆ. ಚಿಕ್ಕತಾಯಮ್ಮನೇ ನನ್ನ ದಾಖಲೆ. ನಾನು ತಲೆಮಾರಿನ ಪ್ರಕಾರ ಕೇಳಿದರೆ ಆಕೆ ನೆನಪು ಬಂದ ಪ್ರಕಾರ ಹೇಳುವಳು. ತನ್ನನ್ನು ಎಲ್ಲಿ ಬರೆದಿದ್ದೀಯ ಎಂದಳು, ತೋರಿಸಿದೆ. ಗಂಡಸ್ರಿಗೆಲ್ಲ ಗೋಪುರ, ನಮಗೆಲ್ಲ ಸೊನ್ನೆ ಸುತ್ತಿದ್ದೀಯಲ್ಲ ಎಂದು ಸೊಪ್ಪು ಬಿಡಿಸುವುದನ್ನು ಮುಂದುವರಿಸಿದಳು. ನಮ್ಮ ಅವ್ವನ ವೃತ್ತಕ್ಕೆ ಓರೆಗೆರೆ ಎಳೆಯುವುದನ್ನು ಮಾತ್ರ ಒಂದು ದಿನ ಮುಂದಕ್ಕೆ ಹಾಕಿದೆ. ನನ್ನ ವೇಳಾಪಟ್ಟಿ ತಪ್ಪಿದ್ದು ಅದೊಂದು ಸಲ.

ನಾಲ್ಕು ಹತ್ತಕ್ಕೆ ಗಂಡಿನವರು ಬಂದರು, ಹನ್ನೆರಡು ಜನ. ಭಾನುವಾರ ನಾಲ್ಕೂವರೆಗೆ ರಾಹುಕಾಲ ಹಿಡಿಯುತ್ತದೆ, ಅಷ್ಟರೊಳಗೆ ವೀಳ್ಯ ಆಗಬೇಕು. ಈ ವಾರ ತಪ್ಪಿದರೆ ಧನುರ್ಮಾಸ, ಆಮೇಲೆ ಒಂದು ತಿಂಗಳು ಶುಭಕಾರ್ಯವಿಲ್ಲ. ಇದನ್ನು ಎಲ್ಲರಿಗೂ ನೆನಪಿಸಿದವನು ನಾನೇ. ನೆನಪಿಸಿ, ಗೋಡೆಗೆ ಅಂಟಿಸಿದ್ದ ನಕ್ಷೆಯ ಮೇಲಿನ ಬಟ್ಟೆ ಎಳೆದವನೂ ನಾನೇ. ಎಲ್ಲರೂ ತಂತಮ್ಮನ್ನು ಹುಡುಕಿಕೊಂಡು ಖುಷಿಪಟ್ಟರು. ಹುಡುಗನ ದೊಡ್ಡಪ್ಪ ನಿವೃತ್ತ ಮೇಷ್ಟ್ರು, ಬೆರಳಿಟ್ಟು ಓದುವ ಜಾತಿ. ಅವರ ಬೆರಳು ಅವರ ಅವ್ವನಿಂದ ಮೇಲೆ ಹತ್ತಿ, ಪಕ್ಕಕ್ಕೆ ಸರಿದು, ನಮ್ಮ ಅವ್ವನ ಮೇಲೆ ಇಳಿದು ನಿಂತಿತು.

"ಯಜಮಾನ್ರೇ, ನಮ್ಮವ್ವ ನಿಮ್ಮವ್ವ ಅಕ್ಕತಂಗೀರ ಮಕ್ಕಳು. ಅಂಗಾದ್ರೆ ನಾನು, ನನ್ ತಮ್ಮ, ನೀವು, ನಿಮ್ ತಮ್ಮ ಎಲ್ಲಾ ಅಣ್ತಮ್ಮಂದ್ರು. ಈ ಉಡ್ಗ ಉಡ್ಗೀನೂ ಅಣ್ಣ ತಂಗಿ ಆಯ್ತಾರಲ್ಲ?"

ಹುಡುಗನ ತಾಯಿ ಎತ್ತಿಕೊಂಡಿದ್ದ ವೀಳ್ಯದ ತಟ್ಟೆಯನ್ನು ಮೆಲ್ಲಗೆ ಕೆಳಗಿಟ್ಟರು. ನಾನು ನೋಡಿದೆ. ಮೇಷ್ಟ್ರು ಹೇಳಿದ್ದು ಸರಿ. ಗೆರೆ ಸ್ಕೇಲಿಟ್ಟು ಎಳೆದದ್ದು. ನಾವು ಇಷ್ಟು ದಿನ ಎಣಿಸಿದ್ದು ಬೇರೆ ದಾರಿಯಲ್ಲಿ. ಮಳವಳ್ಳಿಯವರಾದ ಹುಡುಗನ ತಾಯಿ ನಮ್ಮ ಅಪ್ಪನ ದಾಯಾದಿಯ ಮಗಳು, ನನಗೆ ತಂಗಿ, ಆದ್ದರಿಂದ ಹುಡುಗ ಕಾವ್ಯಳಿಗೆ ಸೋದರತ್ತೆಯ ಮಗ. ವರಸೆ ಚೊಕ್ಕ. ಅಷ್ಟು ಹೇಳಿ ಸುಮ್ಮನಾಗಿ ಕಾಫಿ ತರಿಸಿದ್ದರೆ ಮುಗಿದುಹೋಗುತ್ತಿತ್ತು. ಆದರೆ ಮೂವತ್ತನಾಲ್ಕು ವರ್ಷ ಕಂಡದ್ದನ್ನು ಕಂಡ ಹಾಗೆ ಬರೆದವನು ನಾನು. ಎರಡೂ ದಾರಿ ಸರಿಯೆಂದಾದರೆ, ಹುಡುಗನ ತಂದೆ ನನಗೆ ಅಣ್ಣ, ತಾಯಿ ನನಗೆ ತಂಗಿ, ಆದ್ದರಿಂದ ಅವರಿಬ್ಬರೂ ಒಡಹುಟ್ಟಿದವರೆಂದು ನಕ್ಷೆ ತೋರಿಸುತ್ತದೆ ಎಂದು ಎಲ್ಲರಿಗೂ ಕೇಳುವಂತೆ ವಿವರಿಸಿಬಿಟ್ಟೆ. ಇಂಥ ಗೋಜಲಿಗೆ ಪುಸ್ತಕದಲ್ಲಿ ಒಂದು ಪ್ರತ್ಯೇಕ ಪುಟವೇ ಇದೆ ಎಂದೂ ಸೇರಿಸಿದೆ.

ಗಂಡಿನವರಲ್ಲಿ ಇಬ್ಬರು ಚಪ್ಪಲಿಯ ಕಡೆ ನೋಡಿದರು. ತಮ್ಮ ನನ್ನ ಕಡೆ ನೋಡಲಿಲ್ಲ. ಕಾವ್ಯ ಹತ್ತಿರ ಬಂದು, ತುಟಿ ಅಲ್ಲಾಡಿದ್ದೂ ಕಾಣದಂತೆ ಹೇಳಿದಳು: "ದೊಡ್ಡಪ್ಪ, ಆ ಪುಸ್ತಕ ತಂದಿದ್ದು ಪರೀಕ್ಷೆ ಪಾಸಾಗೋಕೆ. ನನ್ನ ಮದುವೆ ಮುರಿಯೋಕಲ್ಲ." ಅವಳ ಕಣ್ಣು ತುಂಬಿತ್ತು. ಗಡಿಯಾರ ನಾಲ್ಕೂವರೆ ದಾಟಿತ್ತು.

ಚಿಕ್ಕತಾಯಮ್ಮ ಅಲ್ಲಿಯವರೆಗೆ ಕಂಬಕ್ಕೊರಗಿ ಅಡಿಕೆ ಕತ್ತರಿಸುತ್ತಿದ್ದಳು. ಅಡಕತ್ತರಿ ಬದಿಗಿಟ್ಟು ನನ್ನ ಕಡೆ ತಿರುಗಿದಳು.

"ಲೇ ನಂಜ, ವರ್ಸೆ ಅಂದ್ರೆ ಕಾಲ್ವೆ ನೀರು ಕಣ್ಲಾ. ಎತ್ತ ತಿರುಗುಸ್ತೀವೋ ಅತ್ತ ಓಯ್ತದೆ. ಎರಡು ಕಡೆಯಿಂದ ಎಣ್ಸಾಕೆ ಬಂದ್ರೆ, ಎಣ್ಣು ಕೊಡಾಕಾಗೋ ಕಡೆಯಿಂದ ಎಣ್ಸಬೇಕು."

ಮೇಷ್ಟ್ರು, ಅದು ಹೇಗಾಗುತ್ತದೆ ಅವ್ವ, ಒಂದು ನಿಯಮ ಬೇಡವೇ ಎಂದರು. ನಾನೂ ಹೂಂಗುಟ್ಟಿದೆ; ಅಭ್ಯಾಸಬಲ.

"ನೇಮನಾ? ಇವನ್ನೇ ಕೇಳಿ. ಇವನ ಎಡ್ತಿ ಜಯನ ಅವ್ವ ನಮಗೆ ತಂಗಿ ವರ್ಸೆ. ಅಲ್ಲಿಂದ ಎಣ್ಸಿದ್ರೆ ಜಯ ಇವನಿಗೆ ತಂಗಿ. ಇವರಪ್ಪ ಆಗಾಕಿಲ್ಲ ಅಂತ ಕುಂತಿದ್ರು. ನಾನೇ ಜಯನ ಅಪ್ಪನ ಕಡೆಯಿಂದ ಎಣ್ಸಿ ಸೋದರಮಾವನ ಮಗಳು ಮಾಡ್ದೆ. ಇಲ್ದಿದ್ರೆ ಇವನಿಗ್ಯಾರು ಕೊಡೋರು, ಊಟಕ್ಕೂ ಗಡಿಯಾರ ನೋಡೋನಿಗೆ?"

ಮೊದಲು ನಕ್ಕವರು ಹುಡುಗನ ತಾಯಿ. ತಮ್ಮದೇ ಮದುವೆಯಲ್ಲೂ ಹೀಗೇ ಯಾರೋ ಅಜ್ಜಿ ಎಣಿಸಿದ್ದರಂತೆ ಎಂದರು. ಮೇಷ್ಟ್ರ ಬೆರಳು ನಿಧಾನವಾಗಿ ಮಳವಳ್ಳಿಯ ಗೆರೆಗೆ ಸರಿದು, ಅಲ್ಲಿಂದ ಇಳಿದು, ಹೌದು, ಸೋದರತ್ತೆ ಮಗನೇ ಎಂದು ಒಪ್ಪಿಕೊಂಡಿತು. ಆದರೆ ರಾಹುಕಾಲ ಮುಗಿಯುವುದು ಆರಕ್ಕೆ. ಉಪ್ಪಿಟ್ಟು, ಕಾಫಿಗೆಂದು ಬಂದ ಹನ್ನೆರಡು ಜನ ಈಗ ರಾತ್ರಿ ಊಟಕ್ಕೆ ಉಳಿಯಬೇಕಾಯಿತು. ಮನೆಯಲ್ಲಿದ್ದದ್ದು ನಾಳೆಗೆಂದು ನೆನೆಹಾಕಿದ್ದ ಅವರೆಕಾಳು. ಒಂದೊಂದನ್ನೇ ಹಿತುಕಿ ಸಿಪ್ಪೆ ಬಿಡಿಸಬೇಕು.

ಜಯಮ್ಮ ಕಾಳಿನ ಬೇಸಿನ್ ಎತ್ತಿ ತಂದು, ಇಡೀ ಪಡಸಾಲೆಯ ಎದುರಿಗೆ ನನ್ನ ಮುಂದಿಟ್ಟಳು. ಮದುವೆಯಾದ ದಿನದಿಂದ ಅವಳು ನನ್ನನ್ನು ಏನೆಂದೂ ಕರೆದವಳಲ್ಲ. ರೀ ಎಂದರೆ ನಾನು, ಅಷ್ಟೆ.

"ಅಣ್ಣಯ್ಯ, ಇಷ್ಟೂ ಇತುಕ್ಬುಡು" ಎಂದಳು.

ಕಾವ್ಯ ಸೆರಗು ಬಾಯಿಗಿಟ್ಟುಕೊಂಡು ನಗುತ್ತಾ ಒಳಗೆ ಓಡಿದಳು. ನಾನು ತಂಗಿಯ ಮಾತು ಮೀರಲಿಲ್ಲ. ಆರು ಗಂಟೆ ಐದು ನಿಮಿಷಕ್ಕೆ ವೀಳ್ಯ ಬದಲಾಯಿತು. ಒದ್ದೆ ಕೈ ಪಂಚೆಗೆ ಒರೆಸಿಕೊಂಡು ಎದ್ದು ಅಕ್ಷತೆ ಹಾಕಿ ಮತ್ತೆ ಬಂದು ಕೂತೆ. ಆರು ಗಂಟೆ ನಲವತ್ತು ನಿಮಿಷಕ್ಕೆ ಕೊನೆಯ ಕಾಳನ್ನು ಹಿತುಕಿ ಮುಗಿಸಿದೆ.